ತನ್ನ ಆದೇಶಕ್ಕೆ ತಾನೇ ಸಹಿ

ಅವಳು ಕಚೇರಿಯ ಟಪಾಲು ಗುಮಾಸ್ತೆ. ತನ್ನ ಮೇಜಿಗೆ ಬಂದ ಯಾವ ಕಾಗದವೂ ಗಂಟೆಗಿಂತ ಹೆಚ್ಚು ಹೊತ್ತು ಬಿದ್ದಿರುವುದಿಲ್ಲ ಎಂದು ಹತ್ತೊಂಬತ್ತು ವರ್ಷದಿಂದ ಅವಳಿಗೊಂದು ಹೆಮ್ಮೆ. ಹಾಳಾದ ಹೆಮ್ಮೆ. ಒಂದು ಸೋಮವಾರ ಟಪಾಲಿನ ಕಟ್ಟಿನಿಂದ ಹೊರಬಂದದ್ದು ಅವಳದೇ ವರ್ಗಾವಣೆ ಆದೇಶ. ಮುನ್ನೂರು ಕಿಲೋಮೀಟರ್ ಆಚೆಯ ಊರು. ಅವಳ ಕುರ್ಚಿಗೆ ಬರುವವಳು ಸಾಹೇಬರ ನಾದಿನಿ. ಕಚೇರಿಯಲ್ಲಿ ಅದು ಗೊತ್ತಿಲ್ಲದವರು ಯಾರೂ ಇರಲಿಲ್ಲ.

ಮುದುಕ ಜವಾನ ಹತ್ತಿರ ಬಂದು ತಗ್ಗಿದ ದನಿಯಲ್ಲಿ ಹೇಳಿದ: "ಅಕ್ಕಾ, ಅದನ್ನ ಮುಟ್ಟಬೇಡಿ. ಹೊಟ್ಟೆನೋವು ಅಂತ ರಜೆ ಚೀಟಿ ಬರೆದಿಟ್ಟು ಮನೆಗೆ ಹೋಗಿಬಿಡಿ. ನೀವು ಸಹಿ ಹಾಕಿ ತಗೊಳ್ಳೋವರೆಗೂ ಇಲ್ಲಿಯವರೇ. ಅಷ್ಟರಲ್ಲಿ ಕೋರ್ಟಿಂದ ತಡೆ ತಂದ್ರಾಯ್ತು."

ಬುದ್ಧಿ ಇದ್ದವರೆಲ್ಲ ಹಾಗೇ ಮಾಡುತ್ತಿದ್ದರು. ಇವಳ ಕೈ ಕೇಳಬೇಕಲ್ಲ? ವಹಿಯಲ್ಲಿ ನಂಬರು ಹಾಕಿದಳು. ಆದೇಶ ಪಡೆದವರು ಸಹಿ ಮಾಡುವ ಜಾಗದಲ್ಲಿ ತಾನೇ ಸಹಿ ಮಾಡಿ, ಪಕ್ಕದಲ್ಲಿ ಹನ್ನೊಂದು ಹತ್ತು ಎಂದು ಸಮಯವನ್ನೂ ಬರೆದಳು. ಸಂಜೆಯೊಳಗೆ ಸಾಹೇಬರು ಅವಳನ್ನು ಆ ಕೆಲಸದಿಂದ ಬಿಡುಗಡೆ ಮಾಡಿಯಾಗಿತ್ತು.

ಅವಳು ಊರು ಬಿಡುವಂತಿರಲಿಲ್ಲ. ಒಂಬತ್ತು ವರ್ಷದ ಮಗಳಿಗೆ ಕಿವಿ ಕೇಳದು, ಮಾತು ಬಾರದು. ಗಂಡ ಎಂದೋ ಕೈಬಿಟ್ಟು ಹೋಗಿದ್ದ. ಕೈಸನ್ನೆಯಲ್ಲಿ ಕಲಿಸುವ ಶಾಲೆ ಇದ್ದದ್ದು ಈ ಊರಲ್ಲಿ ಮಾತ್ರ. ಮೂಲೆ ಹಿಡಿದು ಕೂರುತ್ತಿದ್ದ ಹುಡುಗಿ ಅಲ್ಲಿ ಸೇರಿದ ಮೇಲೆ ಎಂಥಾ ವಾಚಾಳಿಯಾಗಿದ್ದಳೆಂದರೆ, ಊಟಕ್ಕೆ ಕೂತರೂ ಕೈಗೆ ಬಿಡುವಿರಲಿಲ್ಲ.

ವಕೀಲರು ವಹಿಯ ನಕಲು ನೋಡಿ ಕನ್ನಡಕ ತೆಗೆದಿಟ್ಟರು. "ಏನಮ್ಮಾ, ಸಾಹೇಬರ ಕೆಲಸಾನೂ ನೀವೇ ಮಾಡಿಕೊಟ್ಟಿದೀರಲ್ಲ."

"ಆ ಜಾಗ ಖಾಲಿ ಬಿಡೋಕೆ ಮನಸ್ಸು ಬರ್ಲಿಲ್ಲ ಸಾರ್."

ನ್ಯಾಯಾಲಯದಲ್ಲಿ ಅವಳ ಪಾಳಿ ಆರೇ ನಿಮಿಷಕ್ಕೆ ಮುಗಿಯಿತು. ನ್ಯಾಯಾಧೀಶರು ಹೇಳಿದ್ದಿಷ್ಟು: ವರ್ಗಾವಣೆ ನೌಕರಿಯ ಒಂದು ಭಾಗ. ಅರ್ಜಿದಾರರು ತಕರಾರಿಲ್ಲದೆ ಆದೇಶ ಪಡೆದು ಬಿಡುಗಡೆಯೂ ಹೊಂದಿದ್ದಾರೆ. ಆಡಳಿತದಲ್ಲಿ ನಾವು ಕೈ ಹಾಕುವುದಿಲ್ಲ. ಮಗುವಿನ ವಿಷಯ ಸಹಾನುಭೂತಿಗೆ ಅರ್ಹ, ಅಧಿಕಾರಿಗೆ ಮನವಿ ಕೊಡಲಿ. ಅಧಿಕಾರಿ ಎಂದರೆ ಅದೇ ಸಾಹೇಬರು. ನ್ಯಾಯ ಕೈ ತೊಳೆದುಕೊಂಡಿತು. ಮೆಟ್ಟಿಲಿಳಿಯುವಾಗ ಅವಳಿಗೆ ಅಳುವಿಗಿಂತ ಹೆಚ್ಚಾಗಿ ತನ್ನ ಮೇಲೇ ಅಸಹ್ಯ ಬಂತು.

ಸಾಹೇಬರು ತಡಮಾಡಲಿಲ್ಲ. ಮೂರನೇ ದಿನ ಉತ್ತರ ಬಂತು: ಮನವಿಯನ್ನು ಸಹಾನುಭೂತಿಯಿಂದ ಪರಿಗಣಿಸಿ ತಿರಸ್ಕರಿಸಲಾಗಿದೆ.

ಶನಿವಾರ ಸಾಮಾನು ಕಟ್ಟುವಾಗ ಮಗಳು ಎದುರಿಗೆ ಬಂದು ಕೂತು ಕೈಯಲ್ಲೇ ಕೇಳಿದಳು: ಆ ಊರಲ್ಲಿ ನನ್ನ ಜೊತೆ ಯಾರು ಮಾತಾಡ್ತಾರೆ?

ತಾಯಿ ಹಗ್ಗ ಕೆಳಗಿಟ್ಟು ತನಗೆ ಬರುವ ಅರೆಬರೆ ಸನ್ನೆಯಲ್ಲಿ ಹೇಳಿದಳು: ನಾನಿದ್ದೀನಲ್ಲ.

ಮಗಳು ಇಲ್ಲವೆಂದು ತಲೆಯಾಡಿಸಿದಳು. ನೀನು ಆಫೀಸಲ್ಲಿರ್ತೀಯ ಎಂದು ಸನ್ನೆ ಮಾಡಿ, ಎರಡೂ ಕೈಗಳನ್ನು ತೊಡೆಯ ಕೆಳಗಿಟ್ಟುಕೊಂಡು ಕೂತಳು.