ಕಣ್ಮುಚ್ಚಿ ಕುಲುಕಿದ ಬುಟ್ಟಿ

ಚಿಂತಾಮಣಿಯ ಪಿಯು ಕಾಲೇಜೊಂದರಲ್ಲಿ ಜೀವಶಾಸ್ತ್ರ ಹೇಳುವ ವರಲಕ್ಷ್ಮಿ ವರ್ಷಕ್ಕೊಮ್ಮೆ ತರಗತಿಗೆ ಬಿದಿರಿನ ಬುಟ್ಟಿಯೊಂದನ್ನು ಹೊತ್ತುಕೊಂಡು ಹೋಗುತ್ತಾಳೆ. ಬುಟ್ಟಿಯ ತುಂಬ ರೇಷ್ಮೆಗೂಡು, ಅರ್ಧ ಹಳದಿ, ಅರ್ಧ ಬಿಳಿ. ಕೆಂಚಾರ್ಲಹಳ್ಳಿಯ ಅವಳ ಮನೆಯಲ್ಲಿ ಹುಳ ಮೇಯಿಸುತ್ತಾರಾದ್ದರಿಂದ ಗೂಡಿಗೇನೂ ಬರವಿಲ್ಲ. ಒಬ್ಬರು ಕಣ್ಣು ಮುಚ್ಚಿ ಎರಡೆರಡು ಗೂಡು ತೆಗೆಯಬೇಕು, ಇನ್ನೊಬ್ಬರು ಬೋರ್ಡಿನ ಮೇಲೆ ಬರೆಯಬೇಕು, ತೆಗೆದದ್ದನ್ನು ಮತ್ತೆ ಹಾಕಿ ಕುಲುಕಬೇಕು. ಬೇಸರ ಬರುವಷ್ಟು ಹೊತ್ತು ಮಾಡಿದ ಮೇಲೆ ಹುಡುಗರಿಗೆ ತಿಳಿಯುತ್ತದೆ: ಎಷ್ಟು ಕುಲುಕಿದರೂ ಎರಡು ಬಣ್ಣದ ಪಾಲು ಹೆಚ್ಚುಕಡಿಮೆ ಇದ್ದ ಹಾಗೇ ಇರುತ್ತದೆ.

ಗೂಡೆಂದರೆ ಜೀನ್, ಬುಟ್ಟಿಯೆಂದರೆ ಒಂದು ಜನ ಎಂದು ತಿಳಿಸಿ, ಆಮೇಲೆ ಅವಳು ಪಾಲು ಬದಲಾಗದಿರಲು ಬೇಕಾದ ಷರತ್ತು ಹೇಳುತ್ತಾಳೆ. ಬುಟ್ಟಿ ದೊಡ್ಡದಿರಬೇಕು. ಹೊರಗಿನದು ಬಂದು ಬೀಳಬಾರದು, ಒಳಗಿನದು ಜಾರಿ ಹೋಗಬಾರದು. ಒಂದು ಗೂಡಿಗೆ ಇನ್ನೊಂದಕ್ಕಿಂತ ಹೆಚ್ಚು ಮರ್ಯಾದೆ ಸಲ್ಲಬಾರದು. ತೆಗೆಯುವವರ ಕಣ್ಣು ಮುಚ್ಚಿರಬೇಕು. ಲೋಕದಲ್ಲಿ ಇಂಥ ಬುಟ್ಟಿ ಒಂದೂ ಇಲ್ಲ, ಅದಕ್ಕೇ ತಲೆಮಾರಿನಿಂದ ತಲೆಮಾರಿಗೆ ಪಾಲು ಬದಲಾಗುತ್ತ ಹೋಗುತ್ತದೆ, ಹಾಗೆ ಬದಲಾಗುವುದಕ್ಕೇ ವಿಕಾಸ ಎನ್ನುವುದು. ಕೊನೆಗೆ ಕೇಳುತ್ತಾಳೆ: "ನಮ್ಮ ಊರುಗಳಲ್ಲಿ ಮದುವೆ ಕುದುರ್ಸುವಾಗ ಕಣ್ಣು ಬಿಟ್ಕೊಂಡು ಬುಟ್ಟಿಗೆ ಕೈ ಹಾಕೋರು ಯಾರಪ್ಪಾ?"

"ಅಜ್ಜಿ, ಮೇಡಂ!" ಎಂದು ಹಿಂದಿನ ಬೆಂಚಿನಿಂದ ಉತ್ತರ ಬರುತ್ತದೆ. ತರಗತಿಯೆಲ್ಲ ನಗುತ್ತದೆ. ವರಲಕ್ಷ್ಮಿಯೂ ನಗುತ್ತಾಳೆ, ಅವಳ ಮನೆಯಲ್ಲಿ ಅದು ನಗುವ ಮಾತಲ್ಲದಿದ್ದರೂ.

ಅವಳ ಅಕ್ಕನನ್ನು ಅಮ್ಮನ ದೊಡ್ಡ ತಮ್ಮನಿಗೇ ಕೊಟ್ಟಿತ್ತು. ಸೋದರಮಾವ ಎದುರಿಗಿರುವಾಗ ಹೆಣ್ಣನ್ನು ಬೇರೆಯವರಿಗೆ ಕೊಡುವುದೆಂದರೆ ಕಟ್ಟಿದ ಬುತ್ತಿಯನ್ನು ದಾರಿಯಲ್ಲಿ ಹೋಗುವವರ ಕೈಗಿಟ್ಟಂತೆ ಎಂದು ಅಲ್ಲಿಯ ಹೆಂಗಸರು ತಿಳಿದಿದ್ದಾರೆ. ಅಕ್ಕನ ಮೊದಲ ಮಗಳು ಅಕ್ಷಯಾ. ಹುಟ್ಟಿದಂದಿನಿಂದ ಕಿವಿ ಕೇಳದು. ಈಗ ಒಂದನೇ ಕ್ಲಾಸಿನಲ್ಲಿದ್ದಾಳೆ, ಬಲು ಚೂಟಿ. ಮನೆಯ ಒಬ್ಬೊಬ್ಬರಿಗೂ ಕೈಯಲ್ಲೇ ಒಂದೊಂದು ಹೆಸರಿಟ್ಟಿದ್ದಾಳೆ. ಚಿಕ್ಕಮ್ಮ ವರಲಕ್ಷ್ಮಿಗೆ ಮೂಗಿನ ಮೇಲಿನ ಕನ್ನಡಕ ಸರಿಮಾಡುವ ಸನ್ನೆ.

ಅಮ್ಮನ ಚಿಕ್ಕ ತಮ್ಮ ರವಿಚಂದ್ರ. ಶಿಡ್ಲಘಟ್ಟದ ಕಡೆ ಲೈನ್‌ಮ್ಯಾನ್. ತಾಯಿ ತೀರಿಕೊಂಡ ಮೇಲೆ ಅಕ್ಕನ ಮನೆಯಲ್ಲೇ ಬೆಳೆದವನು. ವರಲಕ್ಷ್ಮಿಯನ್ನು ಹೆಗಲ ಮೇಲೆ ಕೂರಿಸಿಕೊಂಡು ಹಿಪ್ಪುನೇರಳೆ ತೋಟ ಸುತ್ತಿದವನು, ಅವಳಿಗೆ ಸೈಕಲ್ ಕಲಿಸಿದವನು. ಅವಳ ಓದು ಮುಗಿದದ್ದೇ ತಡ, ಎಲ್ಲರ ಕಣ್ಣೂ ಅವರಿಬ್ಬರ ಮೇಲೆ ಬಿತ್ತು.

ವರಲಕ್ಷ್ಮಿ ಆಗಲ್ಲ ಎಂದಳು. ಯಾಕೆ ಎಂದು ಕೇಳಿದಾಗ ಅವಳು ಕೊಟ್ಟ ಕಾರಣ ಪಕ್ಕಾ ಕಾಲೇಜಿನದು. ಒಂದೇ ರಕ್ತ, ಮರೆಯಲ್ಲಿರುವ ದೋಷ ಎರಡೂ ಕಡೆಯಿಂದ ಬಂದು ಕೂಡಿಕೊಳ್ಳುತ್ತದೆ, ಅಕ್ಷಯಾಳನ್ನು ನೋಡಿ. ಅಪ್ಪ ನರಸಪ್ಪನನ್ನು ಒಪ್ಪಿಸಲು ಹುಳದ ಮನೆಗೇ ಹೋದಳು.

"ಅಪ್ಪ, ನಮ್ಮನೆ ಚಿಟ್ಟೆ ಇಟ್ಟ ಮೊಟ್ಟೇನೇ ತಿರುಗಾ ಮೇಯ್ಸಿದ್ದೀಯಾ ಯಾವತ್ತಾದ್ರೂ?"

"ನಂಗೇನ್ ತಲೆ ಕೆಟ್ಟದಾ? ಎರಡು ತಳಿ ಕೂಡ್ಸಿದ ಮೊಟ್ಟೆ ತರ್ತೀವಿ. ಮನೇದೇ ಮೇಯ್ಸುದ್ರೆ ಹುಳ ಸೊರಗ್ತವೆ, ಗೂಡು ಪೊಳ್ಳಾಗ್ತವೆ."

"ಹುಳಕ್ಕಿರೋ ನ್ಯಾಯ ನಂಗಿಲ್ವಾ?"

ನರಸಪ್ಪ ಸೊಪ್ಪು ಹಾಸುತ್ತಲೇ ಇದ್ದ. ಒಂದು ತಟ್ಟೆ ಮುಗಿಸಿ ಇನ್ನೊಂದಕ್ಕೆ ಹೋಗುವಾಗ, "ರವಿಗೆ ನಾನೇ ಹೇಳ್ತೀನಿ" ಎಂದ.

ಹೆಣ್ಣನ್ನು ಹೊರಗೆ ಕೊಡುವುದಾದರೆ ಮೊದಲು ಸೋದರಮಾವನ ಮುಂದೆ ತಾಂಬೂಲದ ತಟ್ಟೆ ಇಟ್ಟು ಕೇಳುವುದು ಅವರಲ್ಲಿ ಪದ್ಧತಿ. ಅವನು ಎಲೆ ಎತ್ತಿಕೊಂಡರೆ ಒಪ್ಪಿದ ಹಾಗೆ. ರವಿಚಂದ್ರ ಒಂದು ಮಾತೂ ಆಡದೆ ಎತ್ತಿಕೊಂಡ. ವರಲಕ್ಷ್ಮಿಗೆ ನಿರಾಳವಾಯಿತು. ಎಷ್ಟು ದೊಡ್ಡ ಮನಸ್ಸು ಎಂದು ಸಹೋದ್ಯೋಗಿಗಳ ಮುಂದೆ ಮಾಮನನ್ನು ಹೊಗಳಿದಳು ಕೂಡ.

ಗಂಡು ಸಿಕ್ಕಿದ್ದು ಗೌರಿಬಿದನೂರಿನಲ್ಲಿ. ಅಂಬರೀಶ್, ಹೈಸ್ಕೂಲಿನಲ್ಲಿ ಗಣಿತದ ಮೇಷ್ಟ್ರು, ಮಾತು ಕಡಿಮೆ, ನಗು ಚೆನ್ನ. ಅವಳಿಗೆ ಮೊದಲ ನೋಟಕ್ಕೇ ಹಿಡಿಸಿದ. ದೊಡ್ಡಪ್ಪ ಬಯ್ಯಪ್ಪ ಎರಡೂ ಕಡೆಯ ಇಂಟಿಪೇರು ಕೇಳಿದ. ತೆಲುಗು ಬೆರೆತ ಆ ಸೀಮೆಯಲ್ಲಿ ಮನೆತನದ ಹೆಸರಿಗೆ ಹಾಗೆನ್ನುತ್ತಾರೆ. ಹೆಸರು ಬೇರೆ ಬೇರೆ ಬಂತು. "ಅಂತಾ ಮಂಚಿದೇ, ಎಲ್ಲಾ ಒಳ್ಳೇದೇ, ರಕ್ತಸಂಬಂಧವೇ ಇಲ್ಲ ಬಿಡಿ" ಎಂದು ಎಲೆಯಡಿಕೆ ಬಾಯಿಗೆ ಹಾಕಿಕೊಂಡ. ಜಾತಿ ಮಾತ್ರ ಒಂದೇ. ಅದನ್ನು ಕೇಳುವ ಗೋಜಿಗೇ ಯಾರೂ ಹೋಗಲಿಲ್ಲ, ಅದು ಬೇರೆಯಾಗಿರಬಹುದೆಂದು ಯಾರ ತಲೆಗೂ ಹೊಳೆಯುವಂತಿರಲಿಲ್ಲ.

ವರಲಕ್ಷ್ಮಿಗೂ ಹೊಳೆಯಲಿಲ್ಲ. ಚಿಕ್ಕಬಳ್ಳಾಪುರದಲ್ಲಿ ಬಸ್ಸು ಬದಲಿಸಿ ಹೋಗಬೇಕಾದ ಊರಿನವನು ಅವಳ ಲೆಕ್ಕದಲ್ಲಿ ಹೊರಗಿನವನು. ತರಗತಿಯಲ್ಲಿ ಬುಟ್ಟಿ ಹಿಡಿದು ನಿಂತಾಗ ಯಾವ ಮಾತನ್ನು ಹುಡುಗರ ತಲೆಗೆ ತುಂಬುತ್ತಿದ್ದಳೋ ಆ ಮಾತು ತನ್ನ ಮನೆಯ ಹೊಸ್ತಿಲಲ್ಲೇ ಅವಳಿಗೆ ಮರೆತುಹೋಗಿತ್ತು.

ನಿಶ್ಚಿತಾರ್ಥವಾದ ಸ್ವಲ್ಪ ದಿನಕ್ಕೆ ಬೆಂಗಳೂರಿನ ಸಂಶೋಧನಾ ಕೇಂದ್ರವೊಂದರಿಂದ ಡಾಕ್ಟರ್ ಮಹತಿ ಬಂದರು. ಚಿಕ್ಕಬಳ್ಳಾಪುರದವರೇ. ಹುಟ್ಟುಕಿವುಡು ಈ ತಾಲ್ಲೂಕುಗಳಲ್ಲಿ ಎಲ್ಲಿ, ಯಾಕೆ ಹೆಚ್ಚಾಗಿದೆ ಎಂದು ಹುಡುಕುವುದು ಅವರ ಕೆಲಸ. ಅವರನ್ನು ಕರೆಸಿದ್ದೇ ವರಲಕ್ಷ್ಮಿ. ಕೆಂಚಾರ್ಲಹಳ್ಳಿಯ ಶಾಲೆಯ ಜಗಲಿಯಲ್ಲಿ ರಕ್ತ ತೆಗೆಯಲು ಮೇಜು ಹಾಕಿದರೆ ಜನ ದೂರದಲ್ಲಿ ನಿಂತು ನೋಡುತ್ತಿದ್ದರೇ ಹೊರತು ಯಾರೂ ಮುಂದೆ ಬರಲಿಲ್ಲ. ಆಗ ರವಿಚಂದ್ರ ಅಂಗಿಯ ತೋಳು ಮಡಿಸಿಕೊಂಡು ಬಂದು ಮೊದಲು ಕೈ ಚಾಚಿದ.

"ನಮ್ಮ ಮಾಮ. ಅಕ್ಷಯಾ ಅಂದ್ರೆ ಪ್ರಾಣ" ಎಂದು ವರಲಕ್ಷ್ಮಿ ಡಾಕ್ಟರಿಗೆ ಹೆಮ್ಮೆಯಿಂದ ಪರಿಚಯಿಸಿದಳು. ರವಿಚಂದ್ರ ಸೂಜಿಯನ್ನೇ ನೋಡುತ್ತಿದ್ದ. ಅವನ ಹಿಂದೆ ಮನೆಯವರೆಲ್ಲ ಸಾಲು ನಿಂತರು. ಅವತ್ತು ಬೀಗರ ಮನೆಯ ಊಟಕ್ಕೆ ಬಂದಿದ್ದ ಅಂಬರೀಶ್, "ಎಲ್ರೂ ಕೊಡ್ತಿದ್ದಾರೆ, ನಂದೂ ಇರ್ಲಿ" ಎಂದು ತಾನೂ ಕೊಟ್ಟ.

ಫಲಿತಾಂಶ ಬರಲು ತಿಂಗಳುಗಳೇ ಹಿಡಿದವು. ಮಹತಿ ಒಬ್ಬೊಬ್ಬರನ್ನೇ ಕೂರಿಸಿಕೊಂಡು ಅವರವರದು ಅವರವರಿಗೆ ಹೇಳಿದರು. ವರಲಕ್ಷ್ಮಿ ಮತ್ತು ಅಂಬರೀಶ್ ಮಾತ್ರ ಒಟ್ಟಿಗೇ ಕೇಳುತ್ತೇವೆಂದರು.

"ಅಕ್ಷಯಾಗೆ ಕಿವಿ ಕೇಳದೇ ಇರೋದು ಒಂದು ಜೀನ್‌ನಿಂದ" ಎಂದರು ಮಹತಿ. "ಒಂದೇ ಕಡೆಯಿಂದ ಬಂದ್ರೆ ಏನೂ ಆಗಲ್ಲ, ಎರಡೂ ಕಡೆಯಿಂದ ಬಂದ್ರೆ ಮಾತ್ರ. ವರಲಕ್ಷ್ಮಿ, ನಿಮ್ಮಲ್ಲಿ ಒಂದು ಪ್ರತಿ ಇದೆ. ಅದು ನೀವು ಊಹಿಸಿದ್ದೇ." ಅವರು ಅಂಬರೀಶನ ಕಡೆ ತಿರುಗಿದರು. "ನಿಮ್ಮಲ್ಲೂ ಒಂದಿದೆ. ಅದೇ ಜೀನ್, ಅದೇ ಜಾಗದಲ್ಲಿ ಅದೇ ತಪ್ಪು. ಪ್ರತಿ ಮಗುವಿಗೂ ನಾಲ್ಕರಲ್ಲಿ ಒಂದು ಸಾಧ್ಯತೆ."

"ಅವರು ಗೌರಿಬಿದನೂರು, ನಾವು ಈ ಕಡೆ..." ಎಂದು ಹೊರಟ ವರಲಕ್ಷ್ಮಿ ಮಾತು ಮುಗಿಸಲಿಲ್ಲ.

"ನಿಮ್ಮ ಜನ ಯಾವುದೋ ಕಾಲದಲ್ಲಿ ಆಂಧ್ರದ ಕಡೆಯಿಂದ ಬಂದೋರು ಅಂತ ನಿಮ್ಮಲ್ಲೇ ಹೇಳ್ತಾರಲ್ಲ. ಬಂದಿದ್ದು ಕೆಲವೇ ಮನೆ ಇರ್ಬೇಕು. ಅದ್ರಲ್ಲಿ ಒಬ್ಬರು ಇದನ್ನ ತಂದ್ರು. ಅವರ ಮಕ್ಕಳೇ ಈಗ ನಾಲ್ಕು ತಾಲ್ಲೂಕಲ್ಲಿ ಹರಡಿದ್ದೀರಿ. ಇಂಟಿಪೇರು ತಂದೆ ಕಡೇದು ಹೇಳುತ್ತೆ. ತಾಯಂದಿರು ಎಲ್ಲಿಂದೆಲ್ಲಿಗೆ ಹೋದ್ರು ಅಂತ ಅದು ಹೇಳಲ್ಲ."

ಚಿಕ್ಕ ಬುಟ್ಟಿ. ವರಲಕ್ಷ್ಮಿಗೆ ತನ್ನದೇ ದನಿ ಕಿವಿಯಲ್ಲಿ ಕೇಳಿಸಿತು. ಒಂದು ಹಿಡಿ ಗೂಡಿನಿಂದ ಶುರುವಾದ ಬುಟ್ಟಿಯಲ್ಲಿ ಯಾವ ಬಣ್ಣ ಬೇಕಾದರೂ ಹೆಚ್ಚಬಹುದು, ಅದಕ್ಕೆ ಯೋಗ್ಯತೆ ಬೇಕಿಲ್ಲ, ಅದೃಷ್ಟ ಸಾಕು. ಪ್ರತಿ ವರ್ಷ ಪರೀಕ್ಷೆಗೆ ಬರುವ ಪ್ರಶ್ನೆ ಅದು. ಅವಳಿಗೆ ಅವಮಾನವಾಯಿತು.

ಅತ್ತ ಕೆಂಚಾರ್ಲಹಳ್ಳಿಯಲ್ಲಿ ಇನ್ನೊಂದು ಸುದ್ದಿ ಮನೆಯೆಲ್ಲ ಓಡಾಡುತ್ತಿತ್ತು. ರವಿಚಂದ್ರನಲ್ಲಿ ಆ ಜೀನ್ ಇಲ್ಲ. ಅಣ್ಣನಿಗೆ, ಅಂದರೆ ಅಕ್ಷಯಾಳ ಅಪ್ಪನಿಗೆ, ಬಂದದ್ದು ತಮ್ಮನಿಗೆ ಬಂದಿರಲಿಲ್ಲ. ಅವನು ಅದನ್ನು ತನ್ನ ಅಕ್ಕ, ವರಲಕ್ಷ್ಮಿಯ ಅಮ್ಮ ಆದಿಲಕ್ಷ್ಮಮ್ಮನೊಬ್ಬಳಿಗೇ ಹೇಳಿದ್ದ, ಅಂದರೆ ಊರಿಗೇ ಹೇಳಿದ ಹಾಗೆ. ಅಂಬರೀಶನ ವಿಷಯವೂ ಅವನ ಮನೆಯವರ ಫೋನಿನಿಂದ ಆಗಲೇ ಅವಳ ಕಿವಿಗೆ ಬಿದ್ದಿತ್ತು.

"ನೋಡ್ದೇನೇ? ಬೇಡ ಅಂದ್ಯಲ್ಲ, ಅವನ ರಕ್ತ ಚಿನ್ನದಂಗೈತೆ" ಎಂದಳು ಆದಿಲಕ್ಷ್ಮಮ್ಮ, ಮಗಳು ಚಪ್ಪಲಿ ಬಿಡುವ ಮೊದಲೇ. "ಊರೆಲ್ಲ ಸುತ್ತಿ ತಂದ ಗಂಡಿಗೇ ಐತಂತೆ ದೋಷ. ರವಿಗೆ ಕೊಟ್ರೆ ನಿನ್ ಮಕ್ಳಿಗೆ ಏನೂ ಆಗಲ್ಲ ಅಂತ ಆ ಡಾಕ್ಟ್ರಮ್ಮನೇ ಹೇಳವ್ಳೆ. ಸೈನ್ಸು ಸೈನ್ಸು ಅಂತಿದ್ದೆ, ಈಗ ನಿನ್ ಸೈನ್ಸೇ ಅವನ ಕಡೆ ಐತೆ."

ಒಲೆಯ ಮುಂದಿದ್ದ ವರಲಕ್ಷ್ಮಿಯ ಅಕ್ಕ ತಿರುಗಿ ನೋಡಿದಳು. "ನನ್ ಮಗಳು ಹುಟ್ಟಿದ್ದೇ ದೋಷ ಅಂತ ಎಷ್ಟು ಸಲ ಹೇಳ್ತೀರಮ್ಮ? ಅವಳಿಗೆ ಕೇಳ್ಸಲ್ಲ, ನಂಗೆ ಕೇಳುತ್ತೆ."

ಆದರೆ ಅಮ್ಮನ ಲೆಕ್ಕದಲ್ಲಿ ತಪ್ಪಿರಲಿಲ್ಲ, ಅದೇ ಕಷ್ಟ. ಸಾವಿರ ಹೆಣ್ಣುಮಕ್ಕಳು ತಂತಮ್ಮ ಸೋದರಮಾವಂದಿರನ್ನು ಮದುವೆಯಾದರೆ ತೊಂದರೆ ಹೆಚ್ಚು, ಅದು ನಿಜ. ಈ ಒಬ್ಬ ಸೋದರಮಾವನನ್ನು ಮದುವೆಯಾದರೆ ಇದೊಂದು ತೊಂದರೆಯಂತೂ ಇಲ್ಲ, ಅದೂ ನಿಜ. ಅವಳ ವಿದ್ಯೆ ಗುಂಪಿನ ವಿಷಯ ಹೇಳುತ್ತದೆ, ಒಬ್ಬ ಮನುಷ್ಯನ ವಿಷಯ ಬಂದರೆ ಬಾಯಿ ಮುಚ್ಚುತ್ತದೆ. ಯಾವ ಮಾತಿನಿಂದ ರವಿಚಂದ್ರನನ್ನು ದೂರ ಇಟ್ಟಿದ್ದಳೋ ಆ ಮಾತು ಈಗ ಅವಳ ಕೈ ಬಿಟ್ಟು ಅವನ ಪಕ್ಕ ಹೋಗಿ ನಿಂತಿತ್ತು.

ಅಂಬರೀಶ್ ಶನಿವಾರ ಚಿಂತಾಮಣಿಗೆ ಬಂದ. ಬಸ್ ಸ್ಟ್ಯಾಂಡಿನ ಎದುರಿನ ಹೋಟೆಲಿನಲ್ಲಿ ಇಬ್ಬರೂ ಕಾಫಿ ಹೇಳಿ ಕೂತರು.

"ನಮ್ಮನೇಲಿ ಬಿಟ್ಬಿಡು ಅಂತಿದ್ದಾರೆ" ಎಂದ ಅವನು.

"ನೀವೇನಂತೀರ?"

"ನಾಲ್ಕರಲ್ಲಿ ಒಂದು ಅಂದ್ರು. ಆ ಒಂದು ಬಂತು ಅಂತಾನೇ ಇಟ್ಕೊಳ್ಳಿ, ಅದ್ರ ಹತ್ರ ಮಾತಾಡಕ್ಕೆ ನಂಗೆ ಬರ್ಬೇಕಲ್ಲ. ಅಕ್ಷಯಾ ಜೊತೆ ಕೂತ್ರೆ ಕಲೀಬೋದು ಅನ್ಸುತ್ತೆ." ಲೋಟ ಕೆಳಗಿಟ್ಟ. "ನಂದು ಇಷ್ಟು. ಆದ್ರೆ ನೀವು ಮಾಮನ್ನ ಬೇಡ ಅಂದಿದ್ದು ಇದೇ ಕಾರಣಕ್ಕೆ ಅಲ್ವಾ. ಹಂಗಾದ್ರೆ ನನ್ನೂ ಬೇಡ ಅನ್ಬೇಕಾಗುತ್ತೆ. ಯೋಚ್ನೆ ಮಾಡಿ."

ಗಣಿತದ ಮೇಷ್ಟ್ರು. ಸಮೀಕರಣದ ಎರಡೂ ಬದಿ ಸರಿಯಾಗಿ ನೋಡಿದ್ದ. ವರಲಕ್ಷ್ಮಿಗೆ ಅವನ ಮೇಲೆ ಪ್ರೀತಿ ಹುಟ್ಟಿದ್ದು ಆ ಹೊತ್ತಿನಲ್ಲೇ, ಅವನನ್ನು ಒಪ್ಪಿಕೊಳ್ಳಲು ಅವಳ ಬಳಿ ಒಂದು ಕಾರಣವೂ ಉಳಿಯದೆ ಹೋದಾಗ.

ಭಾನುವಾರ ಬೆಳಿಗ್ಗೆ ಕೆಂಚಾರ್ಲಹಳ್ಳಿಯ ನಡುಮನೆಯಲ್ಲಿ ಬಯ್ಯಪ್ಪ ಚಾಪೆ ಹಾಸಿಸಿದ. ರವಿಚಂದ್ರನನ್ನು ಕರೆಸಿದ್ದರು. ಡ್ಯೂಟಿಯ ನಡುವೆ ಬಂದದ್ದರಿಂದ ಅವನ ಮೈಮೇಲೆ ಖಾಕಿ ಅಂಗಿಯಿತ್ತು, ಹೆಲ್ಮೆಟ್ಟು ಪಕ್ಕದಲ್ಲಿತ್ತು. ಅವನ ಮುಂದೆ ಮತ್ತೆ ಅದೇ ತಾಂಬೂಲದ ತಟ್ಟೆ ಇಟ್ಟರು. ಹಿಂದಿನ ಸಲ ಎಲೆ ಎತ್ತಿಕೊಂಡರೆ ಬಿಟ್ಟುಕೊಟ್ಟ ಹಾಗೆ, ಈ ಸಲ ಎತ್ತಿಕೊಂಡರೆ ತೆಗೆದುಕೊಂಡ ಹಾಗೆ.

"ದೇವರೇ ದಾರಿ ತೋರ್ಸವ್ನೆ. ಎತ್ಕೊಳ್ಳಪ್ಪಾ ರವಿ" ಎಂದ ಬಯ್ಯಪ್ಪ.

ರವಿಚಂದ್ರ ತಟ್ಟೆ ಮುಟ್ಟಲಿಲ್ಲ. ವರಲಕ್ಷ್ಮಿಯನ್ನು ನೋಡಿದ. ನೋಟದಲ್ಲಿ ಬೇಡಿಕೆ ಇರಲಿಲ್ಲ. ಕಂಬ ಹತ್ತುವ ಮುಂಚೆ ಲೈನ್ ಆಫ್ ಆಗಿದೆಯಾ ಎಂದು ಕೇಳುವವನಂತೆ ನೋಡಿದ, ಅಷ್ಟೇ.

ವರಲಕ್ಷ್ಮಿ ಬಾಗಿಲಿನಿಂದ ಒಳಗೆ ಬಂದು ಚಾಪೆಯ ಅಂಚಿನಲ್ಲಿ ಕೂತಳು. "ಮಾಮ, ನಾನ್ ಹೇಳಿದ್ದು ಸುಳ್ಳಲ್ಲ. ಆದ್ರೆ ಕಾರಣ ಅದಲ್ಲ" ಎಂದಳು. "ನಿನ್ ರಕ್ತ ಹೆಂಗೇ ಇದ್ದಿದ್ರೂ ನಾನು ಬೇಡ ಅಂತಿದ್ದೆ. ನೀನು ನನ್ನ ಎತ್ತಿ ಆಡಿಸ್ದೋನು. ನಿನ್ನ ಗಂಡ ಅಂತ ನೋಡಕ್ಕೆ ನಂಗಾಗಲ್ಲ. ಅದನ್ನ ಹೇಳಕ್ಕೆ ಬಾಯಿ ಬರ್ಲಿಲ್ಲ, ಪುಸ್ತಕದ ಮಾತು ಹೇಳ್ದೆ. ನಿಂಗೆ ನೋವಾಗ್ದೇ ಇರ್ಲಿ ಅಂತ."

ಆದಿಲಕ್ಷ್ಮಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡಿದ್ದಳು.

"ಇದನ್ನ ಅವತ್ತೇ ಹೇಳಿದ್ರೆ ಅವತ್ತೇ ಮುಗೀತಿತ್ತು ಕಣಮ್ಮ" ಎಂದ ರವಿಚಂದ್ರ ಮೆಲ್ಲಗೆ. "ನೀನು ರಕ್ತ ಅಂದೆ. ಓದ್ದೋಳು, ನಿಜಾನೇ ಇರುತ್ತೆ ಅಂತ ನಂಬಿದೆ. ಎಲೆ ಎತ್ಕೊಂಡೆ." ಖಾಕಿ ತೋಳನ್ನು ಸ್ವಲ್ಪ ಮೇಲೆ ಸರಿಸಿ, ಸೂಜಿ ಚುಚ್ಚಿದ್ದ ಜಾಗವನ್ನು ಹೆಬ್ಬೆರಳಿನಿಂದ ಸವರಿದ. ಅಲ್ಲಿ ಗುರುತೇನೂ ಉಳಿದಿರಲಿಲ್ಲ. "ಆಮೇಲೆ ಆ ಡಾಕ್ಟ್ರು ಬಂದಾಗ, ಎಲ್ಲಾರಿಗಿಂತ ಮುಂಚೆ ನಾನ್ಯಾಕೆ ಕೈ ಕೊಟ್ಟೆ ಅಂದ್ಕೊಂಡೆ?"

ವರಲಕ್ಷ್ಮಿ ಅವನ ಮುಖ ನೋಡಲಾರದೆ ಹೋದಳು. ಅಕ್ಷಯಾಳ ಮೇಲಿನ ಪ್ರೀತಿ ಎಂದು ಅವತ್ತು ತಾನೇ ಡಾಕ್ಟರಿಗೆ ಹೇಳಿದ್ದು ನೆನಪಾಯಿತು. ಬೇಡ ಎಂಬ ಒಂದು ಮಾತಿಗೆ ಹೆದರಿ ಅವನನ್ನು ಅಷ್ಟು ತಿಂಗಳು ಆಸೆಯಲ್ಲಿ ಇಟ್ಟಿದ್ದಳು, ಅದೂ ನೋವಾಗದಿರಲಿ ಎಂದು.

ಅಕ್ಷಯಾ ಎಲ್ಲಿಂದಲೋ ಬಂದು ರವಿಚಂದ್ರನ ಹೆಲ್ಮೆಟ್ಟನ್ನು ತನ್ನ ತಲೆಗೆ ಹಾಕಿಕೊಂಡು ನಿಂತಳು. ಅವನಿಗೆ ಅವಳಿಟ್ಟ ಹೆಸರೂ ಅದೇ, ತಲೆಯ ಮೇಲೆ ಎರಡು ತಟ್ಟು. ರವಿಚಂದ್ರ ಹೆಲ್ಮೆಟ್ಟು ಬಿಡಿಸಿಕೊಂಡು ಎದ್ದ. ತಾಂಬೂಲದ ತಟ್ಟೆಯನ್ನು ಎರಡು ಕೈಯಲ್ಲಿ ಎತ್ತಿ ನರಸಪ್ಪನ ಮುಂದೆ ಇಟ್ಟ.

"ಇದು ಗೌರಿಬಿದನೂರಿಗೆ ಹೋಗ್ಲಿ ಭಾವ" ಎಂದ. "ಹಸೆಗೆ ಹೆಣ್ಣನ್ನ ಕರ್ಕೊಂಡು ಬರೋನು ಸೋದರಮಾವಾನೇ ಅಲ್ವಾ. ಬರ್ತೀನಿ, ದಿನ ಹೇಳಿ. ರಜ ಹಾಕ್ಬೇಕು."