ಮೂಗತ್ತೆ ಮೂಸಿದ ನೀರು

ಊರಿಗೆ ಬಂದವಳು ನೀರಿಗೆ ಬರದೆ ಇರುತ್ತಾಳೆಯೇ ಎಂದು ಗಾದೆ. ಆ ಬೀದಿಗೆ ಬಂದ ಗೊಂದಲವೂ ನೇರವಾಗಿ ನೀರಿಗೇ ಬಂತು. ಒಂದು ಬೆಳಗ್ಗೆ ನಲ್ಲಿ ತಿರುಗಿಸಿದರೆ ನೀರಿನ ಜೊತೆ ವಾಸನೆಯೂ ಬಂತು. ಕೊಳೆತ ವಾಸನೆಯಲ್ಲ, ಔಷಧಿಯ ವಾಸನೆಯಲ್ಲ, ಮಣ್ಣಿನ ವಾಸನೆ. ಒಣಗಿದ ನೆಲಕ್ಕೆ ನಾಲ್ಕು ಹನಿ ಬಿದ್ದಾಗ ಏಳುತ್ತದಲ್ಲ, ಅದೇ. ನೋಡಿದರೆ ನೀರು ತಿಳಿಯಾಗಿತ್ತು. ಬಿಳಿ ಬಟ್ಟೆಯಲ್ಲಿ ಸೋಸಿದರೆ ಬಟ್ಟೆ ಬಿಳಿಯಾಗಿಯೇ ಉಳಿಯಿತು. ಮಣ್ಣಿಲ್ಲ, ಮಣ್ಣಿನ ವಾಸನೆ ಮಾತ್ರ ಇದೆ. ಹೆಂಗಸರು ಕೊಡ ಸೊಂಟದಲ್ಲಿಟ್ಟುಕೊಂಡು ಒಬ್ಬರ ಮುಖ ಒಬ್ಬರು ನೋಡಿದರು. ಆಮೇಲೆ ಎಲ್ಲರೂ ಸೇರಿ ಮೂಗತ್ತೆಯ ಮನೆಗೆ ಹೋದರು.

ಸ್ವಂತ ಸೊಸೆಗೆ ಅವಳು ಬರೀ ಅತ್ತೆ, ಬೀದಿಗೆಲ್ಲ ಮೂಗತ್ತೆ. ಬೀದಿಯ ಕೊನೆಯಲ್ಲಿದ್ದ ಹಾಲಿನ ಡೈರಿಯಲ್ಲಿ ಇಪ್ಪತ್ತೆರಡು ವರ್ಷದಿಂದ ಹಾಲು ಮೂಸುವುದೇ ಅವಳ ಕೆಲಸ. ಕ್ಯಾನಿನ ಮುಚ್ಚಳ ಎತ್ತಿ, ಕಣ್ಣು ಮುಚ್ಚಿ, ಒಂದೇ ಉಸಿರು. ಅಷ್ಟರಲ್ಲಿ ಹಾಲು ಈ ಹೊತ್ತಿನದೋ ಹಿಂದಿನ ಹೊತ್ತಿನದೋ, ಕ್ಯಾನು ನೆಟ್ಟಗೆ ತೊಳೆದಿದ್ದಾರೋ ಇಲ್ಲವೋ ಹೇಳಿಬಿಡುತ್ತಿದ್ದಳು. ಯಾರಾದರೂ ವಾದಕ್ಕೆ ನಿಂತರೆ "ಬೆಳ್ಳಗಿರೋದೆಲ್ಲ ಹಾಲಲ್ಲಪ್ಪ" ಎಂದು ಕ್ಯಾನನ್ನು ಪಕ್ಕಕ್ಕೆ ಸರಿಸುತ್ತಿದ್ದಳು. ಆ ಮೂಗಿನ ಮೇಲೆ ಅಪೀಲು ಇರಲಿಲ್ಲ.

ಮೂಗತ್ತೆ ನಲ್ಲಿ ನೀರಿನ ಲೋಟ ಎತ್ತಿ ಮೂಸಿದಳು. ಇನ್ನೊಂದು ಸಲ ಮೂಸಿದಳು. ಅವಳು ಎರಡು ಸಲ ಮೂಸಿದ್ದನ್ನು ಬೀದಿ ಅದುವರೆಗೆ ಕಂಡಿರಲಿಲ್ಲ.

"ಮಣ್ಣೇ. ಆದ್ರೆ ಮಣ್ಣಿಲ್ಲ. ನಂಗೂ ತಿಳೀತಿಲ್ಲ ಕಣ್ರೇ" ಎಂದಳು.

ತಿಳಿಯದಿದ್ದಾಗ ಬೀದಿ ಸುಮ್ಮನಿರುತ್ತದೆಯೇ. ಎದುರು ಮನೆಯ ಟೈಲರ್ ಒಂದು ಸುದ್ದಿ ತಂದ. ಹಿಂದಿನ ದಿನ ನೀರು ಬಿಡುವವನು ಬೀದಿ ತಿರುವಿನಲ್ಲಿ ಗುದ್ದಲಿ ಒರೆಸಿಕೊಳ್ಳುತ್ತ ಫೋನಿನಲ್ಲಿ ಮಾತಾಡುತ್ತಿದ್ದನಂತೆ. "ಹಳೇದು ಸತ್ತೋಗಿತ್ತು ಸಾರ್. ಅಲ್ಲೇ ಮಣ್ಣು ಮಾಡಿ ಬಂದೆ" ಅಂದನಂತೆ. ಟೈಲರ್ ಕಿವಿಗೆ ಬಿದ್ದದ್ದು ಅಷ್ಟೇ. ಅಷ್ಟೇ ಸಾಕಾಯಿತು. ನೀರಿನ ಪೈಪಿನ ಪಕ್ಕ ಯಾರನ್ನೋ ಹೂತಿದ್ದಾರೆ. ಊಟದ ಹೊತ್ತಿಗೆ ಸತ್ತವರು ಒಬ್ಬರಿದ್ದರು, ಸಂಜೆ ದೀಪ ಹಚ್ಚುವಷ್ಟರಲ್ಲಿ ಇಬ್ಬರಾದರು. ಮಾರನೇ ದಿನ ನೀರು ಬಿಡುವವನು ಬಂದರೆ ಮಾತಾಡಿಸುವವರಿಲ್ಲ. ಮಕ್ಕಳನ್ನು ಒಳಗೆ ಕರೆದುಕೊಂಡರು. ಯಾಕೆಂದು ಅವನಿಗೂ ತಿಳಿಯಲಿಲ್ಲ, ಪಾಪ, ಅಂಗಿ ಹರಿದಿದೆಯೇನೋ ಎಂದು ಬೆನ್ನು ಮುಟ್ಟಿ ನೋಡಿಕೊಂಡು ಹೋದ.

ಸತ್ತದ್ದರ ವಾಸನೆ ಹೀಗಿರುವುದಿಲ್ಲ ಎಂದು ಮೂಗತ್ತೆ ಹೇಳಿ ನೋಡಿದಳು. ಹಾಗಾದರೆ ಹೇಗಿರುತ್ತದೆ, ಇದು ಯಾವುದರ ವಾಸನೆ ಎಂದು ಕೇಳಿದರೆ ಮತ್ತೆ ಲೋಟ ಎತ್ತಿ ಮೂಸಿದಳು. ಅಂಗಳದಲ್ಲಿ ಎದ್ದರೆ ಹಾಯ್ ಎನ್ನಿಸುವ ವಾಸನೆ ಲೋಟದಲ್ಲಿ ಎದ್ದರೆ ಯಾಕೆ ಬಾಯಿಗಿಡಲಾಗುವುದಿಲ್ಲ ಎಂಬುದೂ ಅವಳಿಗೆ ಬಗೆಹರಿಯಲಿಲ್ಲ. ಬೀದಿಗೆ ಅದೆಲ್ಲ ಬೇಕಿರಲಿಲ್ಲ. ಕುಡಿಯುವುದೋ ಬೇಡವೋ, ಅಷ್ಟು ಹೇಳು ಅತ್ತೆ ಎಂದು ಕೂತರು. ಮನೆಯಲ್ಲಿ ಎರಡು ವರ್ಷದ ಮೊಮ್ಮಗಳು ಪುಟ್ಟಿ ಇದ್ದಳು. ಅವಳ ಮುಖ ನೋಡಿ ಮೂಗತ್ತೆ ಬೇಡ ಎಂದಳು.

ಹಾಗಾದರೆ ಬೇರೆ ನೀರು ಎಲ್ಲಿ? ಮುಚ್ಚಿಹೋದ ಇಟ್ಟಿಗೆ ಕಾರ್ಖಾನೆಯ ಹಿಂದೆ ಒಂದು ಬಾವಿ ಇತ್ತು. ಮೂಗತ್ತೆಯೇ ಮುಂದೆ ನಿಂತು ಬಕೆಟ್ ಇಳಿಸಿ ನೀರು ಸೇದಿಸಿದಳು. ತಣ್ಣಗಿತ್ತು, ಕನ್ನಡಿಯ ಹಾಗೆ ತಿಳಿಯಾಗಿತ್ತು. ಮೂಸಿದಳು. ಏನೂ ಇಲ್ಲ. ಈ ಸಲ ಒಂದೇ ಉಸಿರು ಸಾಕಾಯಿತು. ಇದಪ್ಪಾ ನೀರು ಅಂದರೆ ಎಂದಳು. ಅವತ್ತಿನಿಂದ ಎಂಟು ಮನೆಯ ಕೊಡಗಳು ಬಾವಿಗೆ ಸಾಲು ಹಿಡಿದವು. ಬಾವಿಯಿಂದ ಹದಿನೈದು ಹೆಜ್ಜೆ ಆಚೆ ಹಳೇ ಕೂಲಿ ಮನೆಗಳ ಪಾಯಿಖಾನೆ ಗುಂಡಿ ಇತ್ತು. ಅದಕ್ಕೆ ಕಲ್ಲು ಚಪ್ಪಡಿ ಮುಚ್ಚಿತ್ತು. ಮುಚ್ಚಿದ್ದನ್ನು ಯಾರು ನೋಡುತ್ತಾರೆ?

ನಾಲ್ಕನೇ ದಿನ ಬೆಳಗ್ಗೆ ಪುಟ್ಟಿಗೆ ಭೇದಿ ಶುರುವಾಯಿತು. ಹಲ್ಲು ಬರುತ್ತಿರಬೇಕು ಎಂದುಕೊಂಡರು. ಮಧ್ಯಾಹ್ನದೊಳಗೆ ಆರು ಸಲ ಆಯಿತು, ಎರಡು ಸಲ ವಾಂತಿಯೂ ಆಯಿತು. ಟೈಲರ್ ಹೆಂಡತಿ ಹೊಟ್ಟೆ ಹಿಡಿದುಕೊಂಡು ಮಲಗಿದ್ದಾಳೆ ಎಂದು ಸುದ್ದಿ ಬಂತು. ಮೂಗತ್ತೆಯ ಹೊಟ್ಟೆಯೂ ಬೆಳಗಿನಿಂದ ಗುಡುಗುತ್ತಿತ್ತು, ಅವಳು ಯಾರಿಗೂ ಹೇಳಿರಲಿಲ್ಲ.

ಅವಳಿಗೆ ತಲೆಬುಡ ತಿಳಿಯಲಿಲ್ಲ. ಕೆಟ್ಟ ನೀರನ್ನು ಬಿಟ್ಟಾಗಿದೆ, ಒಳ್ಳೇ ನೀರು ಕುಡಿದಾಗಿದೆ, ಮತ್ತೆ ಇದೆಲ್ಲಿಂದ ಬಂತು? ಸೊಸೆಯೇ ಕಳ್ಳತನದಲ್ಲಿ ಮಗುವಿಗೆ ನಲ್ಲಿ ನೀರು ಕುಡಿಸಿರಬೇಕು ಎಂದು ಅವಳ ಮೇಲೆ ಹರಿಹಾಯ್ದಳು. ಸೊಸೆ ಮಗುವಿನ ಬಟ್ಟೆ ಬದಲಾಯಿಸುತ್ತಿದ್ದಳು. ಕೊಳೆ ಬಟ್ಟೆ ಎತ್ತಿಕೊಂಡು ಹಿತ್ತಲಿಗೆ ನಡೆದಳು. ಮೂಗತ್ತೆಗೆ ಅನುಮಾನ ಇನ್ನೂ ಗಟ್ಟಿಯಾಯಿತು.

ಮಧ್ಯಾಹ್ನ ಆರೋಗ್ಯ ಕೇಂದ್ರದ ನರ್ಸಮ್ಮ ಬಂದಳು. ಬೀದಿಯಲ್ಲಿ ಭೇದಿಯ ಮನೆಗಳು ನಾಲ್ಕು ಎಂದು ಅವಳಿಗೆ ಆಗಲೇ ಗೊತ್ತಾಗಿತ್ತು. ಪುಟ್ಟಿಯ ಹೊಟ್ಟೆಯ ಚರ್ಮವನ್ನು ಎರಡು ಬೆರಳಲ್ಲಿ ಹಿಡಿದು ಬಿಟ್ಟಳು. ಚರ್ಮ ಹಿಂದಕ್ಕೆ ಹೋಗುವುದು ನಿಧಾನವಾಯಿತು. ಮಗು ಅಳುತ್ತಿತ್ತು, ಕಣ್ಣಲ್ಲಿ ನೀರಿರಲಿಲ್ಲ. ಬಾಯಿ ಮಾತ್ರ ನೀರು ಕಂಡರೆ ಹಾತೊರೆಯುತ್ತಿತ್ತು.

ಮೈಯ ನೀರು ಸೋರಿಹೋಗಿದೆ, ಕುಡಿಯುತ್ತಾಳಲ್ಲ, ಅದೇ ಪುಣ್ಯ, ಈಗಲೇ ತುಂಬಬೇಕು ಎಂದು ನರ್ಸಮ್ಮ ಚೀಲದಿಂದ ಓಆರ್‌ಎಸ್ ಪೊಟ್ಟಣ ತೆಗೆದಳು. ಒಂದು ಪೊಟ್ಟಣಕ್ಕೆ ಒಂದು ಲೀಟರ್ ನೀರು, ಕುದಿಸಿ ಆರಿಸಿದ್ದು. ಮೂಗತ್ತೆ ಓಡಿಹೋಗಿ ಬಾವಿ ನೀರಿನ ಕೊಡ ತಂದಳು. ಎಲ್ಲಿಯದು ಎಂದು ಕೇಳಿ ತಿಳಿದುಕೊಂಡ ನರ್ಸಮ್ಮ ಕೊಡದ ಬಾಯಿಗೆ ಕೈ ಅಡ್ಡ ಇಟ್ಟಳು.

"ಇದು ಬೇಡಮ್ಮ. ನಲ್ಲಿದು ಹಿಡಿದು ಕುದಿಸು."

"ಆ ಮಣ್ಣು ನೀರನ್ನಾ? ಇದಕ್ಕೆ ವಾಸನೇನೇ ಇಲ್ವಲ್ಲೇ ತಾಯಿ."

"ಇಲ್ಲ, ಸರಿ. ಅದಕ್ಕೇ ಹೆದರಿಕೆ."

ಮೂಗತ್ತೆ ಅಲ್ಲಾಡಲಿಲ್ಲ. ಒಂದು ಕಡೆ ಕೊಡ, ಇನ್ನೊಂದು ಕಡೆ ನಲ್ಲಿ, ನಡುವೆ ಮಗು. ಇಪ್ಪತ್ತೆರಡು ವರ್ಷ ನಂಬಿದ ಮೂಗು ಒಂದು ಹೇಳುತ್ತಿದೆ, ಈ ಹೆಣ್ಣುಮಗಳು ಇನ್ನೊಂದು ಹೇಳುತ್ತಿದ್ದಾಳೆ. ಯಾವುದನ್ನು ನಂಬಿದರೆ ಮಗು ಉಳಿಯುತ್ತದೆ?

ನರ್ಸಮ್ಮ ಅವಸರ ಮಾಡಲಿಲ್ಲ. ಒಂದು ಮಾತು ಕೇಳಿದಳು. "ಅತ್ತೆ, ಹಸು ಕಾಡು ಸೊಪ್ಪು ತಿಂದು ಬಂದಿರುತ್ತೆ. ಹಾಲು ಸೊಪ್ಪಿನ ವಾಸನೆ ಹೊಡೆಯುತ್ತೆ. ಆ ಹಾಲನ್ನ ಚೆಲ್ತೀಯಾ?"

"ಯಾಕೆ ಚೆಲ್ಲಲಿ? ಅದು ಮೇವಿನ ವಾಸನೆ. ಹಾಲು ಕೆಟ್ಟಿರಲ್ಲ."

"ಹಾಲಿಗೆ ನೀರು ಬೆರೆಸಿದ್ರೆ ನಿನ್ನ ಮೂಗಿಗೆ ಸಿಗುತ್ತಾ?"

ಮೂಗತ್ತೆ ಕೊಡ ಕೆಳಗಿಟ್ಟಳು. ಅದು ಸಿಗುವುದಿಲ್ಲ. ಅದಕ್ಕೆ ಗಾಜಿನ ಕೊಳವೆ ಇದೆ, ಹಾಲಿನಲ್ಲಿ ಬಿಟ್ಟು ನೋಡಬೇಕು. ಡೈರಿಗೆ ಬರುವವರಿಗೆಲ್ಲ ಅವಳೇ ಅದನ್ನು ಸಾವಿರ ಸಲ ಹೇಳಿದ್ದಾಳೆ.

"ಹಾಗೇ ಇದೂ. ನಲ್ಲಿ ನೀರಿಗೆ ಬಂದಿರೋದು ಮೇವಿನ ವಾಸನೆ ಅಂದ್ಕೋ. ಬಾವಿ ನೀರಿಗೆ ಪಕ್ಕದ ಪಾಯಿಖಾನೆ ಗುಂಡಿಯಿಂದ ಬೆರೆತಿರೋದು ನಿನ್ನ ಮೂಗಿಗೆ ಸಿಗಲ್ಲ."

ಆಗ ಸೊಸೆ ಬಾಯಿಬಿಟ್ಟಳು. "ಅತ್ತೆ, ಬಾವಿಗೆ ಹೋಗಿಬರೋಕೆ ಸೊಂಟ ನೋಯುತ್ತೆ ಅಂತ, ಆ ಕೊಡ ನಿಮಗೂ ಪುಟ್ಟಿಗೂ ಬಿಟ್ಟು ನಾನು ನಾಲ್ಕು ದಿನದಿಂದ ನಲ್ಲಿ ನೀರೇ ಕುಡೀತಿದೀನಿ. ಬಯ್ತೀರಿ ಅಂತ ಹೇಳಲಿಲ್ಲ."

ಮೂಗತ್ತೆ ಸೊಸೆಯನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. ಮನೆಯಲ್ಲಿ ನೆಟ್ಟಗೆ ನಿಂತಿದ್ದವಳು ಅವಳೊಬ್ಬಳೇ. ಮೂಗತ್ತೆಗೆ ಇನ್ನೂ ಅರ್ಥವಾಗಿರಲಿಲ್ಲ. ಆದರೂ ನಲ್ಲಿ ತಿರುಗಿಸಿ ಪಾತ್ರೆ ಹಿಡಿದಳು. ಒಲೆಯ ಮೇಲೆ ನೀರು ಕಾಯುತ್ತಿದ್ದಂತೆ ಮಣ್ಣಿನ ವಾಸನೆ ಇನ್ನೂ ಜೋರಾಯಿತು. ಮನಸ್ಸು ಹಿಂದೆ ಮುಂದೆ ಆಡಿತು. ಬಿಸಿಯಾದರೆ ಯಾವ ವಾಸನೆಯಾದರೂ ಮೇಲೇಳುತ್ತದೆ ಎಂದು ನರ್ಸಮ್ಮ ಹೇಳಿದಳು. ನೀರು ಕುದಿಯಿತು, ಆರಿತು, ಪೊಟ್ಟಣದ ಪುಡಿ ಕರಗಿತು. ಪುಟ್ಟಿಗೆ ಚಮಚ ಚಮಚವಾಗಿ ಕುಡಿಸಿದರು. ಗಟಗಟ ಕುಡಿಸಿದರೆ ವಾಂತಿಯಾಗುತ್ತದೆ, ವಾಂತಿಯಾದರೆ ಹತ್ತು ನಿಮಿಷ ತಡೆದು ಮತ್ತೆ ಶುರು ಮಾಡಬೇಕು. ಊಟ ನಿಲ್ಲಿಸಬಾರದು. ದಿನಕ್ಕೊಂದು ಜಿಂಕ್ ಮಾತ್ರೆ, ಭೇದಿ ನಿಂತರೂ ಹದಿನಾಲ್ಕು ದಿನ ಕೊಡಬೇಕು. ಕುಡಿಯದೆ ಸುಮ್ಮನೆ ಮಲಗಿಬಿಟ್ಟರೆ, ಭೇದಿಯಲ್ಲಿ ರಕ್ತ ಕಂಡರೆ, ಒಂದು ಗಳಿಗೆಯೂ ಕಾಯದೆ ಆಸ್ಪತ್ರೆಗೆ ಎತ್ತಿಕೊಂಡು ಬಾ ಎಂದಳು ನರ್ಸಮ್ಮ. ಅವಳೂ ಹೋಗಲಿಲ್ಲ, ಪಕ್ಕದಲ್ಲೇ ಕೂತಳು. ಸಂಜೆಯೊಳಗೆ ಪುಟ್ಟಿ ಅತ್ತಳು. ಕೆನ್ನೆಯ ಮೇಲೆ ಒಂದು ಹನಿ ಇಳಿಯಿತು. ಮಗುವಿನ ಕಣ್ಣೀರು ಕಂಡು ಅಜ್ಜಿ ಖುಷಿಪಟ್ಟಳು.

ಹೋಗುವ ಮುಂಚೆ ನರ್ಸಮ್ಮ ಎರಡು ಪರೀಕ್ಷೆ ಬಾಟಲಿ ಕೊಟ್ಟಳು. ಒಂದಕ್ಕೆ ಬಾವಿ ನೀರು, ಒಂದಕ್ಕೆ ನಲ್ಲಿ ನೀರು ತುಂಬಿ ಮುಚ್ಚಿಡಬೇಕು. ಹೊಲಸು ಬೆರೆತ ನೀರಾದರೆ ಒಂದೆರಡು ದಿನದಲ್ಲಿ ಕಪ್ಪಾಗುತ್ತದೆ. ಮೂಗತ್ತೆ ಬಾಟಲಿಗಳನ್ನು ಗೂಡಿನಲ್ಲಿಟ್ಟು, ಹಾಲು ಉಕ್ಕುವುದನ್ನು ಕಾಯುವ ಹಾಗೆ ಕಾದಳು. ಮಾರನೇ ದಿನ ಡೈರಿಯಿಂದ ಬಂದು ನೋಡಿದರೆ ಬಾವಿ ನೀರಿನ ಬಾಟಲಿ ಮಸಿಯ ಹಾಗೆ ಕಪ್ಪಾಗಿತ್ತು. ನಲ್ಲಿ ನೀರಿನದು ಇದ್ದ ಹಾಗೇ ಇತ್ತು. ಅವಳು ಕಪ್ಪು ಬಾಟಲಿಯನ್ನು ಮೂಗಿನ ಬಳಿ ಒಯ್ದು, ತಡೆದು, ಮತ್ತೆ ಗೂಡಿನಲ್ಲಿ ಇಟ್ಟಳು. ಇನ್ನು ಮೂಸುವುದಕ್ಕೇನಿದೆ.

ಸಂಜೆ ನರ್ಸಮ್ಮ ನೀರು ಬಿಡುವವನನ್ನೂ ಕರೆದುಕೊಂಡು ಬಂದಳು. ಅವನನ್ನು ಕಂಡು ಟೈಲರ್ ಬಾಗಿಲ ಹಿಂದೆ ಸರಿದ. ಯಾರನ್ನು ಹೂತೆ ಎಂದು ಮೂಗತ್ತೆ ನೇರವಾಗಿ ಕೇಳಿದಳು. ಅವನು ಕಣ್ಣು ಕಣ್ಣು ಬಿಟ್ಟ. ಹಳೇ ವಾಲ್ವು ತುಕ್ಕು ಹಿಡಿದು ಸತ್ತುಹೋಗಿತ್ತಂತೆ. ಹೊಸದು ಹಾಕಿ, ಹಳೇದನ್ನು ಅದೇ ಗುಂಡಿಗೆ ತಳ್ಳಿ ಮುಚ್ಚಿದನಂತೆ. ಫೋನಿನಲ್ಲಿ ಸಾಹೇಬರ ಹತ್ತಿರ ತಮಾಷೆಗೆ ಮಣ್ಣು ಮಾಡಿದೆ ಎಂದಿದ್ದನಂತೆ.

"ಸತ್ತದ್ದು ವಾಲ್ವಾ?" ಎಂದ ಟೈಲರ್, ಬಾಗಿಲ ಹಿಂದಿನಿಂದ.

"ವಾಲ್ವೇ ಅಣ್ಣ. ಅಳೋರಿದ್ರೆ ಈಗ್ಲೂ ಅಳಬಹುದು."

ವಾಸನೆಯ ಕಥೆ ಬೇರೆ ಇತ್ತು, ಅದನ್ನು ನರ್ಸಮ್ಮ ಬಿಡಿಸಿ ಹೇಳಿದಳು. ನಲ್ಲಿಗೆ ನೀರು ಬರುವ ಕೆರೆ ಬಿಸಿಲಿಗೆ ಇಳಿದು ನೀರಿನ ಮೇಲೆ ಹಸಿರು ಪಾಚಿ ಕಟ್ಟಿತ್ತು. ಆ ಪಾಚಿಯಲ್ಲಿರುವ ಕಣ್ಣಿಗೆ ಕಾಣದ ಸಣ್ಣ ಜೀವಗಳು ಒಂದು ವಸ್ತುವನ್ನು ಬಿಡುತ್ತವೆ. ಮಣ್ಣಿನೊಳಗಿನ ಸಣ್ಣ ಜೀವಗಳು ಬಿಡುವುದೂ ಅದನ್ನೇ. ಮಳೆ ಬಿದ್ದಾಗ ನೆಲದಿಂದ ಏಳುವುದೂ, ಬೀಟ್‌ರೂಟ್ ಕೊಯ್ದಾಗ ಬರುವುದೂ ಅದೇ. ಜಿಯೋಸ್ಮಿನ್ ಎಂದು ಅದರ ಹೆಸರು. ಮೂಗತ್ತೆಯ ನಾಲಿಗೆ ಅದಕ್ಕೆ ಹೊರಳಲಿಲ್ಲ, ಮಿನ್ನೋ ಮಣ್ಣೋ ಏನೋ ಒಂದು ಎಂದಳು. ಒಂದು ಕೆರೆಗೆ ಒಂದು ಚಿಟಿಕೆ ಬಿದ್ದರೂ ಮನುಷ್ಯನ ಮೂಗು ಹಿಡಿಯುತ್ತದಂತೆ, ಅಷ್ಟು ಚುರುಕು. ಆ ಪ್ರಮಾಣದಲ್ಲಿ ಕುಡಿದರೆ ಏನೂ ಆಗುವುದಿಲ್ಲ. ನೀರಿಗೆ ಹಾಕುವ ಕ್ಲೋರಿನ್ ರೋಗದ ಹುಳುಗಳನ್ನು ಕೊಲ್ಲುತ್ತದೆ, ಈ ವಾಸನೆಯನ್ನು ಮಾತ್ರ ಓಡಿಸಲಾರದು. ಲೋಟಕ್ಕೆ ನಾಲ್ಕು ಹನಿ ನಿಂಬೆರಸ ಹಿಂಡಿದರೆ ಕಡಿಮೆಯಾಗುತ್ತದೆ. ಮೂಗತ್ತೆ ಹಿಂಡಿ, ಸ್ವಲ್ಪ ಹೊತ್ತು ಬಿಟ್ಟು, ಮೂಸದೆ ಕುಡಿದಳು.

ಮಾರನೇ ಬೆಳಗ್ಗೆ ಡೈರಿಯಲ್ಲಿ ಸಾಲು ನಿಂತಿತ್ತು. ಮೂಗತ್ತೆ ಮೊದಲ ಕ್ಯಾನು ಮುಟ್ಟುವ ಮುಂಚೆ ಕಪ್ಪು ಬಾಟಲಿಯನ್ನು ಮೇಜಿನ ಮೇಲೆ ಇಟ್ಟಳು. ನಾನೇ ಮೂಸಿ ಸರ್ಟಿಫಿಕೇಟ್ ಕೊಟ್ಟ ಬಾವಿ ನೀರು ಇದು, ತಪ್ಪು ನನ್ನದು, ನನ್ನ ಮೂಗಿನ ನೇರಕ್ಕೆ ಮಾತಾಡಿದೆ, ಇನ್ನು ಯಾರೂ ಆ ನೀರು ಸೇದಬೇಡಿ ಎಂದಳು.  ಸಾಲಿನ ಹಿಂದಿನಿಂದ ಒಬ್ಬಳು ಮೆಲ್ಲಗೆ ಅಂದಳು: "ಬೆಳ್ಳಗಿರೋದೆಲ್ಲ ಹಾಲಲ್ಲ, ಅಲ್ವಾ ಅತ್ತೆ?"

"ಹೂಂ. ತಿಳಿಯಾಗಿರೋದೆಲ್ಲ ಕುಡಿಯೋ ನೀರೂ ಅಲ್ಲ. ಮುಚ್ಚಳ ತೆಗಿ" ಎಂದಳು ಮೂಗತ್ತೆ.

ಓದುತ್ತಿರುವ ಅಕ್ಕಂದಿರೇ, ಕೇಳುತ್ತಿರುವ ಅಣ್ಣಂದಿರೇ, ನಿಮ್ಮ ನಲ್ಲಿಯಲ್ಲೂ ಒಂದು ದಿನ ಮಣ್ಣಿನ ವಾಸನೆ ಬರಬಹುದು. ಬಂದರೆ ಗಾಬರಿಯಾಗಬೇಡಿ. ನೀರು ಬಿಡುವವರಿಗೆ ಹೇಳಿ, ಪರೀಕ್ಷೆ ಮಾಡಿಸಿ ಎಂದು ಕೇಳಿ, ಅಲ್ಲಿಯವರೆಗೆ ಕುದಿಸಿ ಕುಡಿಯಿರಿ. ಚರಂಡಿಯ ನಾತವೋ ಸೀಮೆಎಣ್ಣೆಯ ವಾಸನೆಯೋ ಬಂದರೆ ಮಾತ್ರ ಕುದಿಸಿಯೂ ಕುಡಿಯಬೇಡಿ, ಮಕ್ಕಳಿಗೂ ಕೊಡಬೇಡಿ. ವಾಸನೆ ಇಲ್ಲದ ಯಾವುದೋ ಬಾವಿಗೆ ಓಡುವ ಮುಂಚೆ ಅದರ ಸುತ್ತ ಏನಿದೆ ನೋಡಿ, ನೀರನ್ನು ಪರೀಕ್ಷೆಗೆ ಕೊಡಿ. ಒಂದು ಬಾಟಲಿ, ಎರಡು ದಿನ, ಅಷ್ಟೇ. ಮೂಗು ದೊಡ್ಡದು, ನಿಜ. ಆದರೆ ಅದಕ್ಕೆ ಗೊತ್ತಿಲ್ಲದ್ದನ್ನು ಅದರ ಹತ್ತಿರ ಕೇಳಬಾರದು.

ಪುಟ್ಟಿ ಈಗ ಅಂಗಳದಲ್ಲಿ ಓಡಾಡುತ್ತಾಳೆ. ಮೊನ್ನೆ ಮಳೆ ಬಂದು ನಿಂತಾಗ ಅಜ್ಜಿ ಬಾಗಿಲಲ್ಲಿ ಕೂತು ಕಣ್ಣು ಮುಚ್ಚಿ ಒಂದು ಉಸಿರು ಎಳೆದುಕೊಂಡಳು. ಅದೇ ವಾಸನೆ. ಅಂಗಳದಲ್ಲಿ ಹಿತ, ಲೋಟದಲ್ಲಿ ಯಾಕೆ ಅಹಿತ ಎಂಬುದು ಅವಳಿಗೆ ಇವತ್ತಿಗೂ ತಿಳಿದಿಲ್ಲ. ನಿಮಗೇನಾದರೂ ತಿಳಿದರೆ ಅವಳಿಗೂ ಹೇಳಿ. ಅಲ್ಲಿಯವರೆಗೆ ನೀರನ್ನು ಕುದಿಸಿ.