ಹೊಸ್ತಿಲ ಮೇಲಿನ ಆಚಾರಿ

ಶಿವಾರಪಟ್ಟಣದ ಅನಸೂಯಮ್ಮನಿಗೆ ತನ್ನ ಗಂಡ ತನ್ನ ಗಂಡನಲ್ಲ ಎಂದು ತಿಳಿದು ಹನ್ನೆರಡು ವರ್ಷವಾಗುತ್ತ ಬಂದಿತ್ತು. ಇದರಿಂದ ಆಕೆಗೆ ತೊಂದರೆಯೇನೂ ಆಗಿರಲಿಲ್ಲ. ಸುಖವೇ ಆಗಿತ್ತು.

ಮೊದಲಿನ ಕದಿರಾಚಾರಿ ತನ್ನ ತಾಳ್ಮೆಯನ್ನೆಲ್ಲ ಕಲ್ಲು ಕೆತ್ತುವುದರಲ್ಲೇ ಮುಗಿಸಿ ಬರಿಗೈಲಿ ಮನೆಗೆ ಬರುವ ಮನುಷ್ಯ. ಮೂವತ್ತೆರಡನೆಯ ಇಸವಿಯ ವೈಶಾಖದಲ್ಲಿ ಒಂದು ಮಧ್ಯಾಹ್ನ, ಸಾರು ಸಪ್ಪೆಯೆಂದು ತಟ್ಟೆಯನ್ನು ಅಂಗಳಕ್ಕೆ ಬೀಸಿ, ಅದರ ಹಿಂದೆಯೇ ಹೊರಟವನು ಹೊಸ್ತಿಲ ಮೇಲೆ ನಿಂತುಬಿಟ್ಟ. ಸ್ವಲ್ಪ ಹೊತ್ತಾದ ಮೇಲೆ ಹೋಗಿ ತಟ್ಟೆ ಎತ್ತಿಕೊಂಡು ಬಂದು, "ಅನಸೂಯಾ, ನಿಂದು ಊಟ ಆಯ್ತಾ?" ಎಂದು ಕೇಳಿದ. ಮದುವೆಯಾದ ಆರು ವರ್ಷದಲ್ಲಿ ಆ ಬಾಯಿಂದ ಬಂದಿರದ ಮಾತು. ಮೈ ಸರಿಯಿಲ್ಲವೇನೋ ಎಂದುಕೊಂಡಳು. ತಿಂಗಳು ಕಳೆದರೂ ಅವನು ಹಾಗೇ ಇದ್ದ.

ಕಾರಣ ಸಿಕ್ಕಿದ್ದು ಮಾಲೂರಿನ ಪೀರ್ ಸಾಬರ ಬಳಿ. ಅವರು ಸ್ಟೇಷನ್ನಿನ ಎದುರು ಪುಸ್ತಕಗಳಿಗೆ ರಟ್ಟು ಕಟ್ಟುವವರು. ಹಳೆಯ ಓಲೆಗರಿಗಳಿಗೂ ಹೊಸ ದಾರ ಹಾಕಿಕೊಡುತ್ತಿದ್ದರು. ಮಾವನ ಕಾಲದ ಓಲೆಗಳನ್ನು ಕೊಡಲು ಹೋದಾಗ ಅನಸೂಯಮ್ಮ ತನ್ನ ಸಂಗತಿ ಹೇಳಿಕೊಂಡಳು. ಸಾಬರು ನಗಲಿಲ್ಲ. ಯಲ್ದೂರಿನವರು ಯಾರೋ ದಾರಕ್ಕೆಂದು ಕೊಟ್ಟು ಮರೆತುಹೋಗಿದ್ದ ‘ಲೋಕಾಂತರನಿರ್ಣಯ’ ಎಂಬ ಓಲೆಕಟ್ಟನ್ನು ಇಳಿಸಿ, ಧೂಳು ಒರೆಸಿ, ಓದಿ ಹೇಳಿದರು.

ಅದರ ಪ್ರಕಾರ ಲೋಕಗಳು ಹದಿನೇಳು. ರೇಷ್ಮೆಹುಳುವಿನ ತಟ್ಟೆಗಳ ಹಾಗೆ ಒಂದರ ಮೇಲೊಂದು ಇವೆ, ಆಗಾಗ ಜರುಗುತ್ತವೆ. ಒಂದರಲ್ಲಿ ಮುಳಬಾಗಿಲಿಗೆ ಹಡಗು ಬರುತ್ತದೆ. ಇನ್ನೊಂದರಲ್ಲಿ ಮಾವಿನಮರಗಳೇ ಮನೆಮನೆಗೆ ನಡೆದು ಬಂದು ಹಣ್ಣು ಕೊಟ್ಟು ಹೋಗುತ್ತವೆ. ನಮ್ಮ ಪಕ್ಕದ ಲೋಕ ಮಾತ್ರ ಥೇಟ್ ನಮ್ಮದೇ: ಅದೇ ಊರು, ಅದೇ ಮುಖ, ಗುಣ ಬೇರೆ. ನೆತ್ತಿಗೆ ಬಂದ ಸೂರ್ಯ ನೆರಳನ್ನು ನುಂಗುವ ಗಳಿಗೆಯಲ್ಲಿ ಲೋಕ ಜರುಗಿದರೆ, ಆಗ ಹೊಸ್ತಿಲ ಮೇಲೆ ನಿಂತವನು ಅಲ್ಲಿಯ ತನ್ನ ಜೋಡಿಯೊಡನೆ ಅದಲುಬದಲಾಗುತ್ತಾನೆ. ಹನ್ನೆರಡು ವರ್ಷಕ್ಕೆ ಅದೇ ತಿಥಿಯ ಅದೇ ಗಳಿಗೆಯಲ್ಲಿ ಇಬ್ಬರೂ ಮತ್ತೆ ಹೊಸ್ತಿಲ ಮೇಲಿದ್ದರೆ ಅವರವರ ಮನೆ ಸೇರುತ್ತಾರೆ. ಒಬ್ಬ ತಪ್ಪಿಸಿಕೊಂಡರೂ ಇಬ್ಬರೂ ಇದ್ದಲ್ಲೇ, ಕಡೆತನಕ.

ಈ ಒಳ್ಳೆಯವನನ್ನು ಆಕೆ ಬಿಟ್ಟುಕೊಡುವ ಮಾತೇ ಇರಲಿಲ್ಲ. ಒಂದೇ ಸಂಕಟವೆಂದರೆ, ಅಲ್ಲಿ ಇನ್ನೊಬ್ಬ ಅನಸೂಯಮ್ಮ ಆ ಒರಟನನ್ನು ಕಟ್ಟಿಕೊಂಡು ದಿನ ಎಣಿಸುತ್ತಿರಬೇಕು. ಅವಳು ಅವನನ್ನು ಹಗ್ಗ ಹಾಕಿಯಾದರೂ ಎಳೆದು ಹೊಸ್ತಿಲಿಗೆ ನಿಲ್ಲಿಸುತ್ತಾಳೆ. ತಾನಾಗಿದ್ದರೆ ಹಾಗೇ ಮಾಡುತ್ತಿದ್ದಳು. ಅಂದಮೇಲೆ ಇವನನ್ನು ಹೊಸ್ತಿಲಿನಿಂದ ದೂರ ಇಡಬೇಕಾದದ್ದು ತನ್ನ ಕೆಲಸ.

ನಲವತ್ತನಾಲ್ಕರ ವೈಶಾಖದಲ್ಲಿ ಆ ತಿಥಿ ಬಂತು. ಯುದ್ಧದ ಕಾಲ, ಪೆಟ್ರೋಲಿಗೆ ಬರ; ಪೀರ್ ಸಾಬರು ಇದ್ದಿಲ ಹೊಗೆಯಿಂದ ಓಡುವ ಬಸ್ಸಿನಲ್ಲಿ ಕೆಮ್ಮುತ್ತ ಬಂದು, ಸ್ಟೇಷನ್ನಿನ ಗಂಟೆಗೆ ಹೊಂದಿಸಿದ ಜೇಬುಗಡಿಯಾರ ಹಿಡಿದು ಜಗಲಿಯ ಮೇಲೆ ಕೂತರು. ಒಳಗೆ ಅನಸೂಯಮ್ಮ ಗಂಡನಿಗೆ ಸವೆದ ಒರಳನ್ನು ತೋರಿಸಿ, ಉಳಿ ಹಾಕಿಕೊಡಿ ಎಂದಳು. ದೇವರನ್ನು ಕೆತ್ತುವ ಕೈ, ಬೇಸರವಿಲ್ಲದೆ ಒರಳಿನ ಮುಂದೆ ಕೂತಿತು. ಹನ್ನೆರಡಾಯಿತು. ಹನ್ನೆರಡೂವರೆಯಾಯಿತು. "ಕಳೀತಮ್ಮಾ ಗಂಡಾಂತರ," ಎಂದರು ಸಾಬರು ಹೊರಗಿನಿಂದ, ಮೆಲ್ಲಗೆ.

ಆಕೆ ನಿರಾಳವಾಗಿ ಮುದ್ದೆ ಕಟ್ಟಿದಳು. ಆ ಕಾಲದ ಮಡಿಗೆ ತಕ್ಕಂತೆ ಸಾಬರಿಗೆ ಎಲೆ ಒಳಗಲ್ಲ, ಜಗಲಿಯ ಮೇಲೆ. ಮೊದಲಿನ ಆಚಾರಿಯಾಗಿದ್ದರೆ ಜಗಲಿಯಲ್ಲಿ ಕೂತವರು ಯಾರೆಂದೂ ಕೇಳುತ್ತಿರಲಿಲ್ಲ; ಇವನಿಗೆ ಅತಿಥಿಗೆ ತಾನೇ ಬಡಿಸಬೇಕು. ಸಾರಿನ ಪಾತ್ರೆ ಹಿಡಿದು ಹೋದವನು ಹೊಸ್ತಿಲ ಮೇಲೆ ನಿಂತು, ಸಾಬರ ಮಗಳು ರಹೀಮಾಳ ಬಾಣಂತನದ ಸುದ್ದಿ ವಿಚಾರಿಸತೊಡಗಿದ.

ಅವನ ಭುಜದಾಚೆ ಅಂಗಳದಲ್ಲಿ ಅರೆ ಕೆತ್ತಿದ ನಾಗರಕಲ್ಲು ನಿಂತಿತ್ತು. ಅನಸೂಯಮ್ಮ ನೋಡಿದಳು. ಅದಕ್ಕೆ ನೆರಳೇ ಇರಲಿಲ್ಲ.

"ಸಾಬ್ರೇ, ಗಂಟೆ ಎಷ್ಟೀಗ?"

"ಒಂದೂಕಾಲು," ಎಂದ ಸಾಬರ ಕೈಯ ತುತ್ತು ಅಲ್ಲೇ ನಿಂತಿತು. ಯುದ್ಧಕ್ಕಾಗಿ ಸರ್ಕಾರ ಎರಡು ವರ್ಷದ ಹಿಂದೆಯೇ ದೇಶದ ಗಡಿಯಾರಗಳನ್ನೆಲ್ಲ ಒಂದು ಗಂಟೆ ಮುಂದಕ್ಕೆ ತಳ್ಳಿತ್ತು. ಈ ಸಂಗತಿಯನ್ನು ಓಲೆ ಬರೆದವನಿಗಾಗಲಿ ಸೂರ್ಯನಿಗಾಗಲಿ ತಿಳಿಸಿರಲಿಲ್ಲ.

ಆಚಾರಿ ಇನ್ನೂ ಹೊಸ್ತಿಲ ಮೇಲೇ ನಿಂತಿದ್ದ. ಅನಸೂಯಮ್ಮ ಅವನ ಹತ್ತಿರ ಹೋದಳು.

"ರೀ... ನೀವು ಯಾರು?"

ಅವನು ತಿರುಗಿದ. "ನಾನಾ? ಹಸ್ಕೊಂಡಿರೋನು ಕಣೇ." ಒಳಗೆ ಬಂದು ಪಾತ್ರೆ ಇಟ್ಟು, ಕೂರುತ್ತ ಹೇಳಿದ: "ಒರಳನ್ನ ಇನ್ನೊಂದು ಸರ್ತಿ ತೊಳ್ದು ಆಮೇಲೆ ರುಬ್ಬು. ಕಲ್ಲಿನ ಪುಡಿ ಉಳ್ದಿರುತ್ತೆ."

ಈಗ ತಾನೇ ಬೇರೆ ಲೋಕದಿಂದ ಇಳಿದವನಿಗೆ ಒರಳಿನ ವಿಚಾರ ತಿಳಿದಿರಲಾರದು. ಇವನೇ ಅವನು. ಆಕೆ ಗೋಡೆಗೊರಗಿ ಉಸಿರು ಬಿಟ್ಟಳು. ಗಂಡ ಉಣ್ಣುವುದನ್ನು ಕಣ್ತುಂಬ ನೋಡಿ, ಸಾಬರಿಗೆ ಮಜ್ಜಿಗೆ ಕೊಡಲು ಹೊರಗೆ ಬಂದಳು.

ಸಾಬರು ಗೊಂದಲದಲ್ಲಿದ್ದರು. ಗಳಿಗೆ ಸರಿ, ಹೊಸ್ತಿಲು ಸರಿ, ಮನುಷ್ಯನೂ ನಿಂತಿದ್ದ. ಇನ್ನೊಬ್ಬ ಬಂದಿಲ್ಲ ಎಂದಷ್ಟೇ ಅರ್ಥ. ಆ ಕಡೆಯ ಅಮ್ಮ ಯಾಕೆ ಕಳಿಸಲಿಲ್ಲ ಎಂದು ಕೇಳಿದರು.

ಅನಸೂಯಮ್ಮ ಮಜ್ಜಿಗೆ ಹೊಯ್ಯುತ್ತ ಒಂದು ನಿಮಿಷ ಯೋಚಿಸಿದಳು. ಆಮೇಲೆ ಅವಳ ಮುಖ ಅರಳಿತು. ಹನ್ನೆರಡು ವರ್ಷದ ಭಾರ ಅಷ್ಟರಲ್ಲಿ ಇಳಿಯಿತು.

"ಅವಳೂ ನಾನೇ ಅಲ್ವಾ ಸಾಬ್ರೇ? ಆ ಒರಟ ಹನ್ನೆರಡು ವರ್ಷ ಕೈಗೆ ಸಿಕ್ಕಿದ್ರೆ ದಾರಿಗೆ ತರ್ದೆ ಬಿಡ್ತಾಳಾ? ಇಷ್ಟು ತಿದ್ದಿದ್ಮೇಲೆ ಯಾರಿಗಾದ್ರೂ ಯಾಕೆ ಕೊಡ್ತಾಳೆ?"

"ಯಾರೇ ಅದು?" ಎಂದು ಒಳಗಿನಿಂದ ಗಂಡ ಕೇಳಿದ.

"ಹತ್ರದೋರು. ಅವರ ಮನೇಲೂ ಎಲ್ಲಾ ಚೆನ್ನಾಗಿದೆಯಂತೆ."

"ಒಂದಿನ ಊಟಕ್ಕೆ ಕರಿ ಮತ್ತೆ."

"ಮನೆ ಬಿಟ್ಟು ಬರೋರಲ್ಲ ಬಿಡಿ," ಎಂದು ಅನಸೂಯಮ್ಮ ಸಾಬರ ಎಲೆಗೆ ಇನ್ನೊಂದು ಮುದ್ದೆ ಹಾಕಿದಳು.